ಅಮೆರಿಕದ ಕುದ್ರು, ಚಿಕ್ಕಮ್ಮನ ಕುದ್ರು

ಗಡಿಯಾರವನ್ನು ಪೆಟ್ಟಿಗೆಯಿಂದ ಎತ್ತಿದವರು ಯಾರೆಂದು ಕೇಳಿದರೆ ನನಗೆ ನೆನಪಿಲ್ಲ. ಅದು ಗೋಡೆಗೆ ಏರಿದ ಗಳಿಗೆಯೂ ನೆನಪಿಲ್ಲ. ಆದರೆ ಅದಕ್ಕೆ ಪೆಟ್ಟಾಗದಿರಲೆಂದು ಸುತ್ತ ತುರುಕಿದ್ದ ಹಳೆಯ ಕಾಗದದ ಉಂಡೆಗಳನ್ನು ಒಂದೊಂದಾಗಿ ಬಿಡಿಸಿ, ತೊಡೆಯ ಮೇಲಿಟ್ಟು, ಅಂಗೈಯಲ್ಲಿ ಉಜ್ಜಿ ಉಜ್ಜಿ ನೇರ ಮಾಡುತ್ತಿದ್ದ ಐತಪ್ಪ ಮಾವನ ಮುಖ ಮಾತ್ರ ಈಗಲೂ ಕಣ್ಣೆದುರಿಗಿದೆ. ಊರು ಬಿಟ್ಟು ಹೊರಟ ಒಬ್ಬ ಬಿಳಿಯ ದೊರೆಯ ಬಂಗಲೆಯ ಸಾಮಾನು ಏಲಂ ಆದಾಗ ಮಾವ ತಂದ ಅಮೆರಿಕದ ಗಡಿಯಾರ ಅದು. ದೊರೆ ಅದನ್ನು ಒಮ್ಮೆಯೂ ಬಿಚ್ಚಿರಲಿಲ್ಲವೋ ಏನೋ, ಎಷ್ಟೋ ವರ್ಷಗಳ ಹಿಂದೆ ಬಂದ ಪೆಟ್ಟಿಗೆಯಲ್ಲೇ ಹಾಗೇ ಮಲಗಿತ್ತು. ನಾವೆಲ್ಲ ಗಡಿಯಾರ ನೋಡಲು ಮುಗಿಬಿದ್ದರೆ ಮಾವ ಕಸ ನೋಡುತ್ತಿದ್ದರು. ವಕೀಲರ ಗುಮಾಸ್ತರಾದ ಅವರಿಗೆ ಅಚ್ಚಾದ ಕಾಗದ ಕಂಡರೆ ಓದದೆ ಬಿಡಲಾಗದ ಚಟ. ಅಮ್ಮ ಒಳಗಿನಿಂದ ಎರಡು ಸಲ ಕರೆದಳು. ಗಂಜಿ ಆರುತ್ತಿದೆ ಎಂದಳು, ಬೂತಾಯಿ ಮೀನಿನ ಸಾರು ಎಂದಳು. ಮಾವ ಕದಲಲಿಲ್ಲ. ಆಮೇಲೆ ಒಮ್ಮೆಲೇ ಎದ್ದು ನಿಂತು ತೊಡೆ ತಟ್ಟಿದರು ನೋಡಿ, ಬೆಕ್ಕು ಚಾವಡಿಯಿಂದ ಅಂಗಳಕ್ಕೆ ಹಾರಿತು.

"ಕೇಳಿದೆಯಾ ಗಿರಿಜಾ! ಅಮೆರಿಕದಲ್ಲಿ ಬೇಡ ಅಂತ ಹೇಳಿದವರಿದ್ದಾರೆ! ನಮಗೆ ಬೇರೆಯವರ ಊರು ಬೇಡ ಅಂತ ಅವರದೇ ಜನ ಅವರದೇ ಸರಕಾರಕ್ಕೆ ಹೇಳಿದ್ದಾರೆ! ಎಂತ ಹೇಳ್ತೀ ಇದಕ್ಕೆ?"

"ಗಂಜಿ ಆರ್ತದೆ ಮಾವ," ಎಂದೆ. ನನಗಾಗ ಹನ್ನೊಂದು ವರ್ಷ. ಅದಕ್ಕಿಂತ ಹೆಚ್ಚು ನಾನು ಹೇಳುವುದಾದರೂ ಏನು?

ಮಣ್ಣಗುಡ್ಡದ ನಮ್ಮ ಮನೆಯಲ್ಲಿ ಮಾತಿಗೆ ಎರಡು ಕೋಣೆ. ಎದುರಿನ ಚಾವಡಿಯಲ್ಲಿ ಮಾವನ ಮಾತು, ಒಳಗಿನ ಅಡುಗೆಕೋಣೆಯಲ್ಲಿ ಹೆಂಗಸರ ಮಾತು. ನಡುವೆ ಎತ್ತರದ ಹೊಸಿಲು. ಅದನ್ನು ದಾಟಿ ಬೇಕಾದ ಹಾಗೆ ಓಡಾಡುತ್ತಿದ್ದದ್ದು ಬೆಕ್ಕು ಮತ್ತು ನಾನು. ನಮ್ಮದು ಅಳಿಯಸಂತಾನದ ಮನೆ. ಎಂದರೆ ಆಸ್ತಿ ತಾಯಿಯಿಂದ ಮಗಳಿಗೆ ಇಳಿಯುತ್ತದೆ, ಯಜಮಾನಿಕೆ ಮಾತ್ರ ತಾಯಿಯ ಅಣ್ಣನ ಕೈಯಲ್ಲಿರುತ್ತದೆ. ಹೊರಗಿನವರು ಇದನ್ನು ಕೇಳಿ ಆಹಾ, ನಿಮ್ಮಲ್ಲಿ ಹೆಂಗಸರದೇ ರಾಜ್ಯ ಎನ್ನುತ್ತಾರೆ. ರಾಜ್ಯ ನಮ್ಮದೇ ಸ್ವಾಮಿ, ದೊರೆ ಮಾತ್ರ ಮಾವ! ಮನೆ ಅಜ್ಜಿಯದು, ಅಮ್ಮನದು, ಚಿಕ್ಕಮ್ಮನದು, ಮುಂದೆ ನನ್ನದು. ಆದರೆ ಯಾವ ಜಾಗ ಯಾರಿಗೆ ಗೇಣಿಗೆ ಕೊಡುವುದು, ಯಾವ ಮರ ಯಾವಾಗ ಕಡಿಯುವುದು, ಯಾವ ಹುಡುಗಿ ಎಷ್ಟನೆಯ ಕ್ಲಾಸಿನವರೆಗೆ ಓದುವುದು, ಎಲ್ಲವೂ ಐತಪ್ಪ ಮಾವನ ಬಾಯಿಂದ ಬರಬೇಕು. ದೊಡ್ಡ ಕಾಗದಪತ್ರ ಆಗುವಾಗ ಹೆಂಗಸರ 'ಒಪ್ಪ' ಹಾಕಿಸುವ ಕ್ರಮವೇನೋ ಇತ್ತು. ಒಪ್ಪ ಎಂದರೆ ನಮ್ಮ ಕಡೆಯ ದಸ್ತಾವೇಜಿನ ಮಾತಿನಲ್ಲಿ ಸಹಿ. ಅಜ್ಜಿ ಅದನ್ನು ಹೀಗೆ ಹೇಳುತ್ತಿದ್ದಳು:

"ನನ್ನ ಒಪ್ಪ ಅಂದರೆ ನನ್ನ ಹೆಬ್ಬೆರಳು. ಅದಕ್ಕೆ ಮಸಿ ತಾಗಿದಾಗ ಮಾತ್ರ ನನಗೆ ಗೊತ್ತಾಗ್ತದೆ, ಎಂತದೋ ಬರೆದಿದ್ದಾರೆ ಅಂತ."

ಮಾವ ಕೆಟ್ಟವರಲ್ಲ. ಇದನ್ನು ಈಗಲೇ ಹೇಳಿಬಿಡುತ್ತೇನೆ, ಇಲ್ಲವಾದರೆ ಮುಂದಿನದನ್ನು ಓದಿ ನೀವು ತಪ್ಪು ತಿಳಿಯುತ್ತೀರಿ. ಮಳೆಗಾಲದಲ್ಲಿ ನನ್ನನ್ನು ಹೆಗಲ ಮೇಲೆ ಕೂರಿಸಿಕೊಂಡು ಶಾಲೆಗೆ ಬಿಟ್ಟುಬಂದವರು ಅವರು. ಓರಗೆಯ ಹುಡುಗಿಯರೆಲ್ಲ ಶಾಲೆ ಬಿಟ್ಟ ಮೇಲೂ ನನ್ನನ್ನು ಬಿಡಿಸದವರು ಅವರು. ಅಪ್ಪ ಬಂದರಿನ ಕೆಲಸದಲ್ಲಿ ಊರೂರು ತಿರುಗುತ್ತಿದ್ದದ್ದರಿಂದ ನನಗೆ ಅಪ್ಪನ ಜಾಗದಲ್ಲಿ ಕಂಡದ್ದೂ ಅವರೇ. ಅವರಿಗೆ ಸಿಟ್ಟು ಬಂದರೆ ಊಟ ಬಿಡುತ್ತಿದ್ದರು, ಸಂತೋಷವಾದರೂ ಊಟ ಬಿಡುತ್ತಿದ್ದರು. ಆ ಕಾಗದ ಸಿಕ್ಕಿದ ವಾರ ಅಮ್ಮ ಬೇಯಿಸಿದ್ದರಲ್ಲಿ ಅರ್ಧ ಬೆಕ್ಕಿನ ಹೊಟ್ಟೆ ಸೇರಿತು.

ಕಾಗದಗಳೆಲ್ಲ ಒಂದೇ ಪುಸ್ತಕದವು, ತೆಳ್ಳಗಿನ ಭಾಷಣದ ಪುಸ್ತಕ. ಮೊದಲ ಹಾಳೆ ಇರಲಿಲ್ಲ, ಹಾಗಾಗಿ ಭಾಷಣ ಮಾಡಿದವನ ಹೆಸರೂ ಇರಲಿಲ್ಲ. ನಡುವೆ ಹುಳ ತಿಂದ ತೂತುಗಳು. ಉಳಿದದ್ದರಿಂದ ಮಾವ ಬಿಡಿಸಿ ಬಿಡಿಸಿ ಹೇಳಿದ ಕಥೆ ಇಷ್ಟು. ಅಮೆರಿಕವೂ ಒಂದು ಕಾಲದಲ್ಲಿ ಇಂಗ್ಲಿಷ್ ರಾಜನ ಕೈಕೆಳಗಿದ್ದ ದೇಶ, ಜಗಳವಾಡಿ ಬಿಡಿಸಿಕೊಂಡಿತು. ಆಮೇಲೆ ತಾನೇ ದೊಡ್ಡದಾಗಿ ಸ್ಪೇನಿನವರ ಮೇಲೆ ಯುದ್ಧ ಮಾಡಿ ಗೆದ್ದಿತು. ಸೋತ ಸ್ಪೇನಿನವರು ದೂರದ ಸಮುದ್ರದಲ್ಲಿ ತಮ್ಮ ಕೈಯಲ್ಲಿದ್ದ ಫಿಲಿಪ್ಪೀನ್ ದ್ವೀಪಗಳನ್ನು ಅಮೆರಿಕಕ್ಕೆ ಬರೆದುಕೊಟ್ಟರು. ಅಲ್ಲಿಯ ಜನ, ನಮ್ಮನ್ನು ಕೇಳಿದ್ದೀರಾ, ನಾವು ಸ್ಪೇನಿನವರನ್ನೇ ಓಡಿಸಲು ಹೊರಟವರು ಎಂದು ಕೋವಿ ಹಿಡಿದರು. ಆಗ ಅಮೆರಿಕದ ಒಳಗೇ ಒಂದು ಗುಂಪು ಎದ್ದಿತು. ಮಾಸ್ಟ್ರುಗಳು, ವಕೀಲರು, ಪಾದ್ರಿಗಳು, ಬರೆಯುವವರು, ಕೂಲಿಯವರ ಮುಖಂಡರು, ಹೆಂಗಸರು ಸಹ ಸೇರಿ ಊರೂರಲ್ಲಿ ಸಭೆ ನಡೆಸಿದರು, ಪುಸ್ತಕ ಅಚ್ಚು ಹಾಕಿಸಿ ಹಂಚಿದರು. ದೇಶದ್ರೋಹಿಗಳು ಎಂದು ಬೈಸಿಕೊಂಡರು, ಆದರೂ ಬಿಡಲಿಲ್ಲ. ರಾಜ ಬೇಡ ಎಂದು ಹುಟ್ಟಿದ ದೇಶ ಇನ್ನೊಬ್ಬರಿಗೆ ರಾಜನಾಗುವುದು ಹೇಗೆ ಎಂಬುದು ಅವರ ಪ್ರಶ್ನೆ. ಅವರ ಒಳ್ಳೆಯದಕ್ಕೇ ಆಳುತ್ತೇವೆ ಎಂದು ಸರಕಾರ ಹೇಳಿದರೆ, ಒಳ್ಳೆಯದು ಯಾವುದೆಂದು ಅವರನ್ನೇ ಕೇಳಿ ಎಂದು ಇವರು ಹೇಳಿದರು. ಹೊರಗೆ ದೊರೆತನ ಕಲಿತವನು ಅದನ್ನು ಮನೆಯೊಳಗೂ ತರುತ್ತಾನೆ ಎಂದೂ ಎಚ್ಚರಿಸಿದರು. ಮುಂದೆ ನಾನೇ ಅಷ್ಟಿಷ್ಟು ಓದಿದಾಗ ಅವರೆಲ್ಲರೂ ದೇವರಂಥವರಲ್ಲ ಎಂದೂ ತಿಳಿಯಿತು; ನಮ್ಮಂಥ ಬಣ್ಣದವರು ತಮ್ಮ ದೇಶದೊಳಗೆ ಬಂದಾರು ಎಂಬ ಹೆದರಿಕೆಯಿಂದ ಬೇಡ ಎಂದವರೂ ಆ ಗುಂಪಿನಲ್ಲಿದ್ದರು. ಆದರೆ ಆ ದಿನಗಳಲ್ಲಿ ನಮಗೆ ಇದ್ಯಾವುದೂ ಗೊತ್ತಿಲ್ಲ. ಗೊತ್ತಿದ್ದರೂ ಮಾವ ಕೇಳುತ್ತಿರಲಿಲ್ಲ.

ಯಾಕೆಂದರೆ ಅವರಿಗೆ ಹೊಳೆದದ್ದೇ ಬೇರೆ. ಊರಲ್ಲಿ ಆಗಷ್ಟೇ ಖಾದಿ ಟೊಪ್ಪಿಗಳು ಕಾಣತೊಡಗಿದ್ದವು. ಸರಕಾರದ ವಿರುದ್ಧ ಬಾಯಿ ಬಿಟ್ಟರೆ ಪೊಲೀಸರು ಬರೆದುಕೊಳ್ಳುತ್ತಿದ್ದರು. ಆದರೆ ಅಮೆರಿಕದ ವಿಷಯ ಮಾತಾಡಬಾರದೆಂದು ಯಾವ ಕಾನೂನಿದೆ? ಹಂಪನಕಟ್ಟೆಯ ವಾಚನಾಲಯದಲ್ಲಿ ಭಾನುವಾರ ಬೆಳಿಗ್ಗೆ ಉಪನ್ಯಾಸ ಮಾಡುವುದೆಂದು ಮಾವ ನಿಶ್ಚಯಿಸಿದರು.

"ಬೈಯುವುದು ಅಲ್ಲಿಯವರನ್ನು, ಕೇಳಿಸುವುದು ಇಲ್ಲಿಯವರಿಗೆ! ಗಮ್ಮತ್ತುಂಟು ನೋಡು!"

ಮಾವನ ಕನ್ನಡ ಅಕ್ಷರ ದೇವರಿಗೇ ಪ್ರೀತಿ. ಕೋರ್ಟಿನಲ್ಲಿ ಬರೆದು ಬರೆದು ಎಲ್ಲ ಅಕ್ಷರವೂ ಒಂದೇ ಗೆರೆಯಾಗಿತ್ತು. ಹಾಗಾಗಿ ಬರೆಯುವ ಕೆಲಸ ನನಗೆ ಬಂತು. ನನ್ನ ಸಂಭ್ರಮ ಕೇಳಬೇಡಿ! ಸಂಜೆ ಶಾಲೆಯಿಂದ ಬಂದವಳೇ ಕೈಕಾಲು ತೊಳೆದು ಚಾವಡಿಯ ಚಾಪೆಯಲ್ಲಿ ಕೂರುವುದು. ಮಾವ ಇಂಗ್ಲಿಷಿನಲ್ಲಿ ಓದಿ, ತುಳುವಿನಲ್ಲಿ ಹೇಳುವುದು, ನಾನು ಕನ್ನಡದಲ್ಲಿ ಬರೆಯುವುದು. ನಮ್ಮ ಮನೆಯ ಮಾತು ತುಳು, ಶಾಲೆಯ ಮಾತು ಕನ್ನಡ. ಈಗ ನಾನು ಇಲ್ಲಿ ಬರೆಯುತ್ತಿರುವ ಮನೆಯವರ ಮಾತುಗಳೂ ಹಾಗೆ ದಾಟಿಬಂದವೇ. ತಪ್ಪಾದದ್ದು ಆ ದಾಟುವ ಜಾಗದಲ್ಲೇ. ಸುತ್ತ ನೀರಿರುವ ನೆಲಕ್ಕೆ ತುಳುವಿನಲ್ಲಿ ಇರುವುದು ಒಂದೇ ಮಾತು, ಕುದ್ರು. ನಮ್ಮ ಹೊಳೆಗಳ ನಡುವೆ ತೆಂಗಿನಮರ ಹೊತ್ತು ಕೂತಿರುತ್ತವಲ್ಲ, ಅವು. ಮಾವ ಹೇಳುವಾಗ ಕುದ್ರು ಎಂದರು. ನಾನು ಅದನ್ನು ದ್ವೀಪ ಎಂದು ತಿದ್ದಿ ಬರೆಯುತ್ತೇನೆಂದು ಅವರು ತಿಳಿದುಕೊಂಡರು. ನಾನು ಯಾಕೆ ತಿದ್ದುತ್ತೇನೆ? ಯಜಮಾನರು ಕುದ್ರು ಎಂದರೆ ಕುದ್ರು. ಸರಕಾರ ಆಳಿಸಿಕೊಳ್ಳುವವರ ಸಮ್ಮತಿಯಿಂದ ನಡೆಯಬೇಕು ಎಂಬಲ್ಲಿಯೂ ಮಾವನ ಬಾಯಿಗೆ ಬಂದದ್ದು ಗುಮಾಸ್ತನ ಮಾತು, ಒಪ್ಪ. ಅದನ್ನೂ ಹಾಗೇ ಬರೆದೆ. ದುಂಡಗೆ, ಚಂದವಾಗಿ, ಇಪ್ಪತ್ತು ಪುಟ.

ಈಗ ನಮ್ಮ ಕುದ್ರಿನ ವಿಷಯ. ಬೋಳೂರಿನ ಕಡೆ ಇಳಿದು ಗುರುಪುರ ಹೊಳೆಯಲ್ಲಿ ದೋಣಿ ಹತ್ತಿದರೆ ಸಿಗುವ ಒಂದು ಸಣ್ಣ ಕುದ್ರು ನಮ್ಮ ಕುಟುಂಬದ್ದು. ಅಲ್ಲಿ ಇದ್ದವಳು ಅಮ್ಮನ ತಂಗಿ ಪೂವಕ್ಕ ಚಿಕ್ಕಮ್ಮ. ಗಂಡ ತೀರಿಕೊಂಡ ಮೇಲೆ ಮಣ್ಣಗುಡ್ಡಕ್ಕೆ ಬಂದವಳು ಎರಡು ದಿನ ಅಡುಗೆಕೋಣೆಯಲ್ಲಿ ಕೂತಳಂತೆ, ಮೂರನೆಯ ದಿನ ಇಲ್ಲಿ ಗಾಳಿ ಇಲ್ಲ ಎಂದು ಕುದ್ರಿಗೆ ಹೋದಳಂತೆ. ತೆಂಗಿನಕಾಯಿಯ ಸಿಪ್ಪೆಯನ್ನು ಹೊಳೆನೀರಿನಲ್ಲಿ ಕೊಳೆಹಾಕಿ, ಕೊಡತಿಯಿಂದ ಬಡಿದು, ನಾರು ತೆಗೆದು ಕತ್ತದ ಹಗ್ಗ ಹೊಸೆಯುವುದು ಅವಳ ಕೆಲಸ. ಬಂದರಿನ ಮಂಜಿಗಳಿಗೆ, ಅಂದರೆ ಸರಕು ಸಾಗಿಸುವ ದೊಡ್ಡ ದೋಣಿಗಳಿಗೆ, ಅವಳ ಹಗ್ಗ ಹೋಗುತ್ತಿತ್ತು. ದಪ್ಪ ಗಂಟಲು, ದಪ್ಪ ಕೈ, ನಕ್ಕರೆ ಹೊಳೆಯ ಆಚೆ ದಡಕ್ಕೆ ಕೇಳಬೇಕು. ನನಗೆ ಅವಳೆಂದರೆ ಪ್ರಾಣ.

ಆ ಕುದ್ರಿನ ಮೇಲೆ ಹಂಚಿನ ಕಾರ್ಖಾನೆಯ ಒಬ್ಬ ಸಾಹುಕಾರರ ಕಣ್ಣು ಬಿದ್ದಿತ್ತು. ಸೌದೆ ಇಳಿಸಲು, ಹಂಚು ಪೇರಿಸಿ ದೋಣಿಗೆ ಹಾಕಲು ಅವರಿಗೆ ಹೊಳೆಯ ನಡುವೆ ಜಾಗ ಬೇಕು. ಮರಗಳನ್ನು ಕಡಿದು ಸಪಾಟು ಮಾಡುತ್ತಾರೆ. ಕುದ್ರನ್ನು ಶಾಶ್ವತ ಗೇಣಿಗೆ ಬರೆದುಕೊಡಲು ಮಾವ ಒಪ್ಪಿದ್ದರು. ಛಾಪಾಕಾಗದ ಸಿದ್ಧವಾಗಿ ಗೋಡೆಯ ಹೊಸ ಗಡಿಯಾರದ ಕೆಳಗಿನ ಖಾನೆಯಲ್ಲಿ ಕೂತಿತ್ತು, ಸೋಮವಾರ ರಿಜಿಸ್ಟ್ರಿ. ಅದರಿಂದ ಬರುವುದರಲ್ಲಿ ನನ್ನನ್ನು ಹೈಸ್ಕೂಲಿಗೆ, ಆಮೇಲೆ ಮಾಸ್ಟ್ರ ತರಬೇತಿಗೆ ಕಳಿಸುವುದೆಂದು ಮಾವನ ಲೆಕ್ಕಾಚಾರ. ಅವರು ಇದನ್ನು ಹೇಳಿದ ದಿನ ನಾನು ಅಂಗಳದಲ್ಲಿ ಮೂರು ಸುತ್ತು ಓಡಿದ್ದೆ. ಪೂವಕ್ಕನಿಗೆ ಹೇಳಿದ್ದೀರಾ ಅಣ್ಣ ಎಂದು ಅಮ್ಮ ಕೇಳಿದಾಗ ಮಾವ ಹೇಳಿದ್ದು ನನಗೆ ಚೆನ್ನಾಗಿ ನೆನಪಿದೆ.

"ಅವಳಿಗೆ ಆಮೇಲೆ ಹೇಳಿದರಾಯಿತು. ಇಲ್ಲಿ ಬಂದು ನಮ್ಮೊಟ್ಟಿಗೆ ಸುಖವಾಗಿ ಇರ್ತಾಳೆ. ಅವಳ ಒಳ್ಳೆಯದಕ್ಕೇ ಅಲ್ವಾ?"

ಅಮ್ಮ ಒಗ್ಗರಣೆ ಹಾಕಲು ಒಳಗೆ ಹೋದಳು. ಅವಳಿಗೆ ಸರಿ ಕಾಣದಿದ್ದಾಗಲೆಲ್ಲ ಒಗ್ಗರಣೆ ನೆನಪಾಗುತ್ತಿತ್ತು.

ಶನಿವಾರ ಶಾಲೆ ಅರ್ಧ ದಿನ. ನಾನು ಬರೆದ ಇಪ್ಪತ್ತು ಪುಟವನ್ನು ಯಾರಿಗಾದರೂ ಓದಿ ತೋರಿಸದೆ ನನ್ನ ಹೊಟ್ಟೆ ಉಬ್ಬಿಹೋಗಿತ್ತು. ಅಮ್ಮ ಚಿಕ್ಕಮ್ಮನಿಗೆಂದು ಕೊಟ್ಟ ಕೆಸುವಿನೆಲೆಯ ಪತ್ರೊಡೆಯ ಕಟ್ಟಿನ ಜತೆ ಪುಟಗಳನ್ನೂ ಹಿಡಿದುಕೊಂಡು ದೋಣಿ ಹತ್ತಿದೆ. ಚಿಕ್ಕಮ್ಮ ಸಿಪ್ಪೆ ಬಡಿಯುತ್ತಿದ್ದಳು. ನಾನು ತೆಂಗಿನ ಬುಡದಲ್ಲಿ ನಿಂತು, ಮಾವನ ಹಾಗೆ ಕೈ ಬೀಸಿ ಬೀಸಿ, ಅವಳಿಗೆ ಅರ್ಥವಾಗದಲ್ಲಿ ತುಳುವಿಗೆ ತಿರುಗಿಸಿ ಓದಿದೆ. ಆ ಕುದ್ರುಗಳ ದೊಡ್ಡ ಪೇಟೆಯ ಹೆಸರು ಮನಿಲಾ ಎಂಬಲ್ಲಿಗೆ ಬಂದಾಗ ಅವಳು ಕೊಡತಿ ಕೆಳಗಿಟ್ಟಳು.

"ಮನಿಲಾ ಅಂದರೆ ಹಗ್ಗದ ಮನಿಲಾವಾ?"

ನನಗೆ ಗೊತ್ತಿರಲಿಲ್ಲ. ಅವಳಿಗೆ ಗೊತ್ತಿತ್ತು. ಹಡಗುಗಳಲ್ಲಿ ಬರುತ್ತಿದ್ದ ಬಿಳಿಯ ನುಣುಪು ಹಗ್ಗಕ್ಕೆ ಬಂದರಿನವರು ಮನಿಲಾ ಹಗ್ಗ ಎನ್ನುತ್ತಿದ್ದರು. ಅದು ಬಂದ ಮೇಲೆ ಇವಳ ಕತ್ತವನ್ನು ದೊಡ್ಡವರು ಮೂಸಿಯೂ ನೋಡುತ್ತಿರಲಿಲ್ಲ. ದಿನಕ್ಕೊಮ್ಮೆ ಅದಕ್ಕೆ ಶಾಪ ಹಾಕದೆ ಚಿಕ್ಕಮ್ಮ ಊಟ ಮಾಡಿದ್ದಿಲ್ಲ.

"ಅಯ್ಯೋ ಪಾಪ! ನಾನು ಇಷ್ಟು ವರ್ಷ ಬೈದದ್ದೇ ಬೈದದ್ದು. ಆ ಹಗ್ಗದವರ ಕುದ್ರನ್ನೇ ಯಾರೋ ಬರೆಸಿಕೊಂಡಿದ್ದಾರೆ ಅಂತ ನನಗೆ ಹೇಗೆ ಗೊತ್ತಾಗಬೇಕು ಮಾರಾಯ್ತಿ? ಓದು, ಓದು."

ಓದಿದೆ. ನಾನೇ ಬರೆದ ಆ ವಾಕ್ಯ ಇವತ್ತಿಗೂ ಬಾಯಿಪಾಠ: 'ಕುದ್ರಿನಲ್ಲಿ ಬದುಕುವವರ ಒಪ್ಪ ಇಲ್ಲದೆ ಆ ಕುದ್ರನ್ನು ಇನ್ನೊಬ್ಬನಿಗೆ ಬರೆದುಕೊಡಲು ಯಾವ ಯಜಮಾನನಿಗೂ ಹಕ್ಕಿಲ್ಲ.' ಚಿಕ್ಕಮ್ಮ ಎದ್ದು ಬಂದು ಕಾಗದವನ್ನೇ ನೋಡಿದಳು. ಅವಳಿಗೆ ಓದು ಬರುತ್ತಿರಲಿಲ್ಲ, ಆದರೂ ನೋಡಿದಳು.

"ಇದು ಯಾರ ಮಾತು? ಅಣ್ಣನದಾ?"

"ಅಮೆರಿಕದವರದ್ದು. ಮಾವ ಹೇಳಿ ಬರೆಸಿದ್ದು."

"ಕುದ್ರು ಬರೆದುಕೊಡಬಾರದು ಅಂತ ಅಣ್ಣ ಹೇಳಿದ್ದಾ? ಅವರ ಬಾಯಲ್ಲೇ?"

ಅವಳ ಮುಖದಲ್ಲಿ ಏನೋ ಒಂದು ನಿರಾಳ ಕಂಡಿತು. ಕಾರ್ಖಾನೆಯವರು ದೋಣಿಯಲ್ಲಿ ಬಂದು ಜಾಗ ಅಳೆದು ಹೋದದ್ದನ್ನು ಅವಳು ನೋಡಿದ್ದಳಂತೆ, ನನಗೆ ಆಮೇಲೆ ತಿಳಿಯಿತು. ನಾನೋ, ಶಾಲೆಯ ಜಾಣೆ, ಅವಳ ತಪ್ಪು ತಿದ್ದಲು ಹೊರಟೆ.

"ಅಲ್ಲ ಚಿಕ್ಕಮ್ಮ, ಇದು ಅಮೆರಿಕದ ಕುದ್ರಿನ ವಿಷಯ. ನಮ್ಮ ಕುದ್ರು ಬರೆಯುವುದು ಸೋಮವಾರ."

ಹೇಳಿದ ಮೇಲೆ ನಾಲಗೆ ಕಚ್ಚಿಕೊಂಡೆ. ಏನು ಪ್ರಯೋಜನ? ಚಿಕ್ಕಮ್ಮ ಬೈಯಲಿಲ್ಲ, ಅಳಲಿಲ್ಲ. ಸಾಲಾಗಿ ನಿಂತ ತನ್ನ ಮರಗಳನ್ನು ಒಂದು ತುದಿಯಿಂದ ಇನ್ನೊಂದು ತುದಿಯವರೆಗೆ ನೋಡಿದಳು. ಆಮೇಲೆ ಪತ್ರೊಡೆ ಬಿಚ್ಚಿ ನನಗೇ ಅರ್ಧ ತಿನ್ನಿಸಿ, ಉಪನ್ಯಾಸ ಎಷ್ಟು ಗಂಟೆಗೆ ಎಂದಳು. ಹತ್ತಕ್ಕೆ ಎಂದೆ. ಹೆಂಗಸರನ್ನು ಒಳಗೆ ಬಿಡುತ್ತಾರಾ ಎಂದಳು. ಹಿಂದಿನ ಜಗಲಿಯಲ್ಲಿ ಬೆಂಚು ಉಂಟು ಎಂದೆ. ಅಷ್ಟೇ. ಮನೆಗೆ ಬಂದು ನಾನು ಯಾರಿಗೂ ಹೇಳಲಿಲ್ಲ.

ಭಾನುವಾರ ವಾಚನಾಲಯದಲ್ಲಿ ನಿಲ್ಲಲು ಜಾಗವಿಲ್ಲ. ಅಧ್ಯಕ್ಷರ ಕುರ್ಚಿಯಲ್ಲಿ ಯಾರು ಕೂತಿದ್ದರು ಹೇಳಿ? ಅದೇ ಹಂಚಿನ ಸಾಹುಕಾರರು! ವಾಚನಾಲಯದ ಮಾಡಿಗೆ ಹಂಚು ಕೊಟ್ಟವರಾದ್ದರಿಂದ ಯಾವ ಸಭೆ ನಡೆದರೂ ಆ ಕುರ್ಚಿ ಅವರದೇ. ಹಿಂದಿನ ಮೂಲೆಯಲ್ಲಿ ಪೊಲೀಸಿನವನೊಬ್ಬ ಪುಸ್ತಕ ಪೆನ್ಸಿಲು ಹಿಡಿದು ಕೂತಿದ್ದ. ಮಾವನದು ಇಸ್ತ್ರಿ ಹಾಕಿದ ಕೋಟು, ಜರಿಯ ಮುಂಡಾಸು. ನಾನು ಮೇಜಿನ ಹತ್ತಿರ ನೀರಿನ ಚೆಂಬು ಕಾಯುತ್ತಾ ನಿಂತಿದ್ದೆ. ಅಮ್ಮ ಜಗಲಿಯ ಬೆಂಚಿನಲ್ಲಿದ್ದಳು. ಅವಳ ಪಕ್ಕಕ್ಕೆ ಚಿಕ್ಕಮ್ಮ ಬಂದು ಕೂತದ್ದು ಕಿಟಕಿಯಿಂದ ಕಂಡಾಗ ನನ್ನ ಕೈಯ ಚೆಂಬು ಟಣ್ ಎಂದಿತು.

ಮಾವ ಸುರುಮಾಡಿದರು. ಎರಡನೆಯ ವಾಕ್ಯದಲ್ಲೇ ನನ್ನ ಕುದ್ರು ಎದುರಾಯಿತು. ಮಾವ ತಡೆದು, ಕನ್ನಡಕದ ಮೇಲಿಂದ ನನ್ನನ್ನು ಸುಡುವ ಹಾಗೆ ನೋಡಿ, ಬಾಯಿಯಲ್ಲಿ ದ್ವೀಪ ಎಂದು ತಿದ್ದಿಕೊಂಡರು. ಮೂರು ನಾಲ್ಕು ಸಲ ತಿದ್ದಿಕೊಂಡರು. ಜನ ಸುಮ್ಮನೆ ಕೂತಿದ್ದರು, ಯಾರೋ ಆಕಳಿಸಿದರು. ಆಮೇಲೆ ಮಾವನಿಗೆ ಆವೇಶ ಬಂತು, ತಿದ್ದುವುದು ಮರೆತುಹೋಯಿತು, ಕುದ್ರು ಎಂದೇ ಓದಿದರು. ಅಬ್ಬ! ಸಭೆಯೇ ನೆಟ್ಟಗೆ ಕೂತಿತು. ದ್ವೀಪ ಎಲ್ಲೋ ದೂರದ್ದು, ಪುರಾಣದ್ದು. ಕುದ್ರು ಯಾರಿಗೆ ಗೊತ್ತಿಲ್ಲ? ಕಿಟಕಿಯ ಹೊರಗೆ ನಿಂತಿದ್ದ ದೋಣಿಯವರು ತಲೆ ಒಳಗೆ ಹಾಕಿದರು. ಸ್ಪೇನಿನವರು ಕುದ್ರು ಬರೆದುಕೊಟ್ಟರು ಎಂದಾಗ ಒಬ್ಬ ಮುದುಕ ಹೊರಗಿನಿಂದಲೇ ಕೂಗಿದ.

"ಅವರಪ್ಪನ ಕುದ್ರಾ? ಅಲ್ಲಿಯವರನ್ನು ಕೇಳಿದರಾ?"

"ಕೇಳಲಿಲ್ಲ!" ಎಂದು ಮಾವ ಗುಡುಗಿದರು. "ಕೇಳಲಿಲ್ಲ ಅಂತಲೇ ಅಮೆರಿಕದ ಒಳ್ಳೆಯ ಜನ ಎದ್ದುನಿಂತದ್ದು!"

ಚಪ್ಪಾಳೆ! ಪೊಲೀಸಿನವನ ಪೆನ್ಸಿಲು ನಿಂತುಹೋಗಿತ್ತು, ಅವನೂ ಬಾಯಿ ತೆರೆದು ಕೇಳುತ್ತಿದ್ದ. ಸಾಹುಕಾರರೂ ಎರಡು ಚಪ್ಪಾಳೆ ಹೊಡೆದರು. ಮಾವನ ಮುಂಡಾಸು ಓರೆಯಾಗಿತ್ತು, ಅಷ್ಟು ಚಂದದ ಮಾವನನ್ನು ನಾನು ಅದಕ್ಕೆ ಮೊದಲು ನೋಡಿರಲಿಲ್ಲ. ಆ ಉಮೇದಿನಲ್ಲೇ ಪುಟ ತಿರುಗಿಸಿ ಓದಿದರು, "ಕುದ್ರಿನಲ್ಲಿ ಬದುಕುವವರ ಒಪ್ಪ ಇಲ್ಲದೆ ಆ ಕುದ್ರನ್ನು ಇನ್ನೊಬ್ಬನಿಗೆ ಬರೆದುಕೊಡಲು ಯಾವ ಯಜಮಾನನಿಗೂ ಹಕ್ಕಿಲ್ಲ!"

ಆಗ ಜಗಲಿಯ ಕಡೆಯಿಂದ, ಹೊಳೆಯ ಆಚೆ ದಡಕ್ಕೆ ಕೇಳುವ ಆ ಗಂಟಲು ಬಂತು.

"ಅಣ್ಣ, ಅದನ್ನು ಇನ್ನೊಮ್ಮೆ ಓದಿ."

ಜನ ನಕ್ಕರು, ಸಂತೋಷದ ನಗು. ಅಂಥ ಮಾತನ್ನು ಯಾರಿಗಾದರೂ ಎರಡನೆಯ ಸಲ ಕೇಳಬೇಕೆನಿಸುವುದು ಸಹಜವಲ್ಲವೇ? ಮಾವ ಗಂಟಲು ಯಾರದೆಂದು ನೋಡದೆ, ಹಿಗ್ಗಿನಿಂದ ಇನ್ನೊಮ್ಮೆ ಓದಿದರು. ಇನ್ನಷ್ಟು ಚಪ್ಪಾಳೆ.

"ಇನ್ನೂ ಒಮ್ಮೆ ಓದಿ ಅಣ್ಣ."

ಈಗ ಮಾವ ತಲೆ ಎತ್ತಿದರು. ಕಿಟಕಿಯಲ್ಲಿ ಚಿಕ್ಕಮ್ಮ ನಿಂತಿದ್ದಳು. ಮುಖದಲ್ಲಿ ಸಿಟ್ಟಿರಲಿಲ್ಲ, ಕೇಳಲು ಬಂದವಳ ಹಾಗೆ ಸುಮ್ಮನೆ ನೋಡುತ್ತಿದ್ದಳು. ಮಾವ ಕಾಗದ ಎತ್ತಿದರು. "ಕುದ್ರಿನಲ್ಲಿ ಬದುಕುವವರ," ಎಂದರು. ಮುಂದೆ ಹೋಗಲು ಆಗಲಿಲ್ಲ. ನಾನು ನೀರು ಕೊಟ್ಟೆ. ಕುಡಿದು, ಪಕ್ಕದ ಕುರ್ಚಿಯಲ್ಲಿದ್ದ ಸಾಹುಕಾರರನ್ನು ನೋಡಿ, ಮತ್ತೆ ಕಿಟಕಿಯನ್ನು ನೋಡಿ, ಉಳಿದ ಪುಟಗಳನ್ನು ಓದದೆ ಕೂತುಬಿಟ್ಟರು. ಜನ ಅದನ್ನು ಆವೇಶ ಎಂದು ತಿಳಿದು ಇನ್ನೂ ಜೋರಾಗಿ ಚಪ್ಪಾಳೆ ಹೊಡೆದರು.

ಮನೆಗೆ ಬರುವ ದಾರಿಯಲ್ಲಿ ಮಾವ ಮುಂದೆ, ನಾವು ಮೂವರು ಹಿಂದೆ. ನನಗಂತೂ ಇವತ್ತು ನನ್ನ ಚರ್ಮ ಸುಲಿಯುತ್ತಾರೆಂದು ಖಾತ್ರಿಯಾಗಿತ್ತು. ಅಜ್ಜಿ ಅಡುಗೆಕೋಣೆಯಲ್ಲಿ ಬಟ್ಟಲು ಇಟ್ಟು ಕಾಯುತ್ತಿದ್ದಳು. ಮಾವ ಚಾವಡಿಯಲ್ಲಿ ನಿಂತು ಮುಂಡಾಸು ತೆಗೆದರು, ಗಡಿಯಾರದ ಬಾಗಿಲು ತೆರೆದು ಛಾಪಾಕಾಗದ ತೆಗೆದರು, ಆಮೇಲೆ ಹೊಸಿಲು ದಾಟಿ ಒಳಗೆ ಬಂದು ನಮ್ಮ ನಡುವೆ ನೆಲದ ಮೇಲೆ ಕೂತರು. ಅಡುಗೆಕೋಣೆಯಲ್ಲಿ ಅವರು ಕೂತದ್ದು ನಾನು ಕಂಡಂತೆ ಅದೇ ಮೊದಲು. ಕಾಗದವನ್ನು ಅನ್ನದ ಬಟ್ಟಲುಗಳ ನಡುವೆ ಇಟ್ಟು ಅಜ್ಜಿಯ ಕಡೆ ತಿರುಗಿದರು.

"ಅಮ್ಮ, ಇದಕ್ಕೆ ನಿಮ್ಮ ಒಪ್ಪ ಉಂಟಾ?"

ಅಜ್ಜಿ ಕಿವಿಯ ಹಿಂದೆ ಕೈ ಇಟ್ಟುಕೊಂಡಳು. ಕೇಳದೆ ಅಲ್ಲ, ಕೇಳಿದ್ದನ್ನು ನಂಬಲಾಗದೆ.

"ನನ್ನನ್ನು ಕೇಳುವುದಾ? ಹಾಗಾದರೆ ಎಂತ ಬರೆದಿದ್ದೀ, ಮೊದಲು ಓದು."

ಮಾವ ಮೊದಲಿನಿಂದ ಕೊನೆಯವರೆಗೆ ಓದಿದರು. ಅಷ್ಟು ವರ್ಷ ಹೆಬ್ಬೆರಳು ಒತ್ತಿದ ಅಜ್ಜಿ ಒಂದು ದಸ್ತಾವೇಜನ್ನು ಪೂರ್ತಿ ಕೇಳಿದ್ದು ಅವತ್ತು. ಕೇಳಿ ಮುಗಿದ ಮೇಲೆ ಹೆಬ್ಬೆರಳನ್ನು ಸೀರೆಯ ಸೆರಗಿನೊಳಗೆ ಮುಚ್ಚಿಟ್ಟುಕೊಂಡಳು.

"ನನ್ನದು ಇಲ್ಲ."

ಮಾವ ಅಮ್ಮನ ಕಡೆ ತಿರುಗಿದರು. ಅಮ್ಮ ನನ್ನನ್ನು ನೋಡಿದಳು.

"ಗಿರಿಜೆಯ ಶಾಲೆ, ಅಣ್ಣ?"

"ಅದೂ ಇದರಲ್ಲೇ ಇರುವುದು."

"ಹಾಗಾದರೆ ನನಗೆ ಹೇಳಲಿಕ್ಕೆ ಆಗುವುದಿಲ್ಲ. ಅವಳನ್ನೇ ಕೇಳಿ."

ಕೇಳಿದರು! ಯಜಮಾನರು, ಹನ್ನೊಂದು ವರ್ಷದ ಹುಡುಗಿಯನ್ನು, ದೊಡ್ಡವರನ್ನು ಕೇಳುವ ಅದೇ ಧ್ವನಿಯಲ್ಲಿ, ನಿನ್ನ ಒಪ್ಪ ಉಂಟಾ ಗಿರಿಜಾ ಎಂದು ಕೇಳಿದರು. ಅದುವರೆಗೆ ನನಗೆ ಹೇಳಿದವರಿದ್ದರು, ಕೊಟ್ಟವರಿದ್ದರು, ಬೈದವರಿದ್ದರು; ಕೇಳಿದವರು ಯಾರೂ ಇರಲಿಲ್ಲ. ಹೈಸ್ಕೂಲು ನನಗೆ ಬೇಕಿತ್ತು. ಎಷ್ಟು ಬೇಕಿತ್ತೆಂದರೆ ಹೊಸ ಪುಸ್ತಕದ ವಾಸನೆ ಕನಸಿನಲ್ಲಿ ಬರುತ್ತಿತ್ತು. ಚಿಕ್ಕಮ್ಮ ನನ್ನ ಕಡೆ ನೋಡಲೇ ಇಲ್ಲ, ಸಾರಿನ ಮೀನಿನಿಂದ ಮುಳ್ಳು ಬಿಡಿಸಿ ನನ್ನ ಬಟ್ಟಲಿಗೆ ಹಾಕುತ್ತಿದ್ದಳು. "ಇಲ್ಲ," ಎಂದೆ. ಎಂದವಳೇ ಹೋ ಎಂದು ಅತ್ತುಬಿಟ್ಟೆ.

ಮಾವ ಕೊನೆಗೆ ತಂಗಿಯ ಕಡೆ ತಿರುಗಿದರು. ಅವರ ಕಣ್ಣೂ ಒದ್ದೆಯಾಗಿತ್ತು.

"ಪೂವಕ್ಕ, ನಿನ್ನದು?"

"ನನ್ನದು ಬೆಳಿಗ್ಗೆಯೇ ಕೇಳಿಸಿತಲ್ಲ ಅಣ್ಣ, ಊರಿಗೆಲ್ಲ." ಆಮೇಲೆ ನನ್ನ ತಲೆಯ ಮೇಲೆ ಮೀನಿನ ಕೈಯನ್ನೇ ಇಟ್ಟು ಹೇಳಿದಳು, "ಇವಳ ಶಾಲೆಗೆ ನನ್ನ ಕತ್ತ ಉಂಟು. ಮೊದಲೇ ಹೇಳ್ತಿದ್ದೆ, ಕೇಳಿದ್ದರೆ."

ಮಾವ ಅವಳನ್ನೇ ನೋಡುತ್ತಾ ನೋಡುತ್ತಾ ನಗಲು ಸುರುಮಾಡಿದರು. ಅಜ್ಜಿಯೂ ನಕ್ಕಳು, ಅಮ್ಮ ಅಳುತ್ತಲೇ ನಕ್ಕಳು. ಆ ಛಾಪಾಕಾಗದವನ್ನು ಮಡಚಿ ಬಿಸಿ ಪಾತ್ರೆ ಹಿಡಿಯಲು ಅಮ್ಮನ ಕೈಗೆ ಕೊಟ್ಟು, ಬಟ್ಟಲು ಎಳೆದುಕೊಂಡು, ಆ ವಾರದಲ್ಲಿ ಮೊದಲ ಸಲ ಹೊಟ್ಟೆ ತುಂಬ ಉಂಡರು. ಸಾಹುಕಾರರು ಬೇರೆ ಕಡೆ ಜಾಗ ನೋಡಿಕೊಂಡರು, ಮಾವನೊಂದಿಗೆ ಎರಡು ವರ್ಷ ಮಾತು ಬಿಟ್ಟರು. ನಾನು ಕತ್ತದ ಹಗ್ಗದಿಂದ ಹೈಸ್ಕೂಲು ಓದಿದೆ, ಟೀಚರಾದೆ. ನಮ್ಮ ಮನೆಯಲ್ಲಿ ಆಮೇಲೆ ಯಾವ ಕಾಗದವೂ ಅಡುಗೆಕೋಣೆಯಲ್ಲಿ ಓದಿ ಆಗದೆ ರಿಜಿಸ್ಟ್ರಿಗೆ ಹೋದದ್ದಿಲ್ಲ.

ಒಂದು ಪ್ರಶ್ನೆ ಮಾತ್ರ ಚಿಕ್ಕಮ್ಮನಿಗೆ ಉಳಿದಿತ್ತು. ನಾನು ಕುದ್ರಿಗೆ ಹೋದಾಗಲೆಲ್ಲ ಕೇಳುತ್ತಿದ್ದಳು: ಆ ಹಗ್ಗದವರ ಕುದ್ರು ಎಂತ ಆಯಿತು, ಬಿಟ್ಟುಕೊಟ್ಟರಾ? ಇಲ್ಲ ಚಿಕ್ಕಮ್ಮ, ಬೇಡ ಎಂದವರು ಸೋತರು, ಸರಕಾರ ಕುದ್ರು ಇಟ್ಟುಕೊಂಡಿತು ಎಂದರೆ ಅವಳಿಗೆ ಸಮಾಧಾನವಿಲ್ಲ. ಅಷ್ಟು ಜನ ಹೇಳಿದ ಮೇಲೂ ಎನ್ನುತ್ತಿದ್ದಳು.

ಸಾವಿರದ ಒಂಬೈನೂರ ನಲವತ್ತಾರರ ಜುಲೈ. ಮಾವ ತೀರಿಕೊಂಡಿದ್ದರು. ಶಾಲೆಯ ಟೀಚರ್ಸ್ ರೂಮಿನಲ್ಲಿ ಪೇಪರು ಬಿಡಿಸಿದವಳು ಕುರ್ಚಿಯಿಂದ ಹಾರಿಬಿದ್ದೆ. ಹೆಡ್‌ಮಿಸ್ಸಿಗೆ ಹೊಟ್ಟೆನೋವೆಂದು ಸುಳ್ಳು ಹೇಳಿ, ಕೊಡೆ ಮರೆತು, ಸುರಿವ ಮಳೆಯಲ್ಲಿ ಬೋಳೂರಿಗೆ ಓಡಿದೆ. ಹೊಳೆ ಕೆಂಪಗೆ ತುಂಬಿತ್ತು. ದೋಣಿಯವನು ಇವತ್ತು ಆಗುವುದಿಲ್ಲ ಟೀಚರೇ ಎಂದ. ಬಿಡುವವಳಾ ನಾನು? ನಡುಹೊಳೆಯಿಂದಲೇ ಕೂಗತೊಡಗಿದೆ. ಚಿಕ್ಕಮ್ಮ ಮಳೆಗೆಂದು ತಲೆಗೆ ಓಲೆಯ ಗೊರಬೆ ಹಾಕಿಕೊಂಡು ದಡಕ್ಕೆ ಬಂದಳು.

"ಬಿಟ್ಟುಕೊಟ್ಟರು ಚಿಕ್ಕಮ್ಮ! ಕುದ್ರು ಬಿಟ್ಟುಕೊಟ್ಟರು!"

"ಯಾವ ಕುದ್ರು ಮಾರಾಯ್ತಿ?"

"ಹಗ್ಗದವರದ್ದು! ಮನಿಲಾದ್ದು! ಅಮೆರಿಕದವರು ಬಿಟ್ಟುಕೊಟ್ಟರು!"

ಅವಳು ನನ್ನ ಕೈ ಹಿಡಿದು ದೋಣಿಯಿಂದ ಇಳಿಸಿದಳು. ನನ್ನ ಒದ್ದೆ ತಲೆ, ಕನ್ನಡಕ, ಅಲ್ಲಲ್ಲಿ ನರೆತ ಕೂದಲು ಎಲ್ಲವನ್ನೂ ನೋಡಿದಳು. ಅವಳ ಮರಗಳ ಬುಡದಲ್ಲಿ ನಿಂತು ಹನ್ನೊಂದರ ಹುಡುಗಿ ಕೈ ಬೀಸಿ ಓದಿದ ಆ ಶನಿವಾರದಿಂದ ಈ ಮಳೆಯವರೆಗೆ ಎಷ್ಟಾಯಿತೆಂದು ಅಳೆಯುತ್ತಿದ್ದಳೋ ಏನೋ.

"ಇಷ್ಟು ಕಾಲ ಬೇಕಾಯಿತಾ ಅವರಿಗೆ?" ಎಂದಳು. "ನಮ್ಮ ಅಣ್ಣನಿಗೆ ಒಂದು ಊಟದ ಹೊತ್ತು ಸಾಕಾಗಿತ್ತು."